ಗೈ: ಒಂದು ಹೆಸರು ನಡೆದ ದಾರಿ

ಕಳೆದ ಯುಗಾದಿಯ ದಿನ ನಮ್ಮ ಮನೆಯ ಅಡುಗೆಮನೆಯಲ್ಲಿ ನಡೆದ ಒಂದು ಸಣ್ಣ ಪ್ರಸಂಗದಿಂದ ಈ ಮಾತನ್ನು ಆರಂಭಿಸುತ್ತೇನೆ. ಹನ್ನೆರಡು ವರ್ಷದ ನನ್ನ ಮೊಮ್ಮಗಳು ಹೋಳಿಗೆ ಮಾಡುವ ಬಗೆಯನ್ನು ತನ್ನ ಗೆಳತಿಯರಿಗೆ ತೋರಿಸಬೇಕೆಂದು ಮೊಬೈಲ್ ಫೋನನ್ನು ಬೇಳೆಯ ಡಬ್ಬಿಗೆ ಒರಗಿಸಿ ನಿಲ್ಲಿಸಿ, ಅದರ ಎದುರಿಗೆ ಕೈಮುಗಿದು, "ಹಾಯ್ ಗೈಸ್" ಎಂದು ಸಂಬೋಧಿಸಿದಳು. ಆ ವಿಡಿಯೋವನ್ನು ನೋಡಬೇಕಾದವರು ಆರು ಜನ ಹುಡುಗಿಯರು. ಪಕ್ಕದಲ್ಲಿ ಕಣಕ ನಾದುತ್ತಿದ್ದವಳು ಅವಳ ಅಜ್ಜಿ. ಗೈ ಎಂದರೆ ಗಂಡಸು ಎಂದು ನಾನು ಕಾಲೇಜಿನ ದಿನಗಳಲ್ಲಿ ಅಮೆರಿಕದ ಪತ್ತೇದಾರಿ ಕಾದಂಬರಿಗಳನ್ನು ಓದಿ ತಿಳಿದುಕೊಂಡಿದ್ದೆ. ಆ ಅಡುಗೆಮನೆಯಲ್ಲಿ ಬಾಗಿಲಿಗೆ ಒರಗಿ ನಿಂತಿದ್ದ ನನ್ನನ್ನು ಬಿಟ್ಟರೆ ಗಂಡಸರೇ ಇರಲಿಲ್ಲ.

ಮೂವತ್ತಕ್ಕೂ ಹೆಚ್ಚು ವರ್ಷ ಹಳಗನ್ನಡ ಪಾಠ ಹೇಳಿದವನ ಕಿವಿಗೆ ಗೈ ಎಂಬುದು ಮೊದಲು ಕ್ರಿಯಾಪದವಾಗಿಯೇ ಕೇಳಿಸುತ್ತದೆ. ಗೆಯ್ ಎಂದರೆ ಮಾಡು. ತಪಂಗೆಯ್, ಪೂಜೆಗೈ, ದಯೆಗೈ. ಹೊಲದ ಗೆಯ್ಮೆಯೂ ಅದೇ ಧಾತುವಿನ ಕೂಸು. "ಏನನ್ನು ಗೈಯಬೇಕಮ್ಮಾ?" ಎಂದು ನಾನು ಕೇಳಿದೆ. ಅವಳಿಗೆ ನಗು ಬಂದು ಚಿತ್ರೀಕರಣ ಕೆಟ್ಟಿತು. ಆಮೇಲೆ, ಸಮಾಧಾನವಾದ ಮೇಲೆ, "ಹಾಗಾದರೆ ಗೈ ಅಂದ್ರೆ ನಿಜವಾಗಿ ಏನು ತಾತ?" ಎಂದು ಅವಳೇ ಕೇಳಿದಳು. ಆ ಪ್ರಶ್ನೆಗೆ ಆ ಹೊತ್ತಿನಲ್ಲಿ ಉತ್ತರ ಹೇಳಲು ನನ್ನಿಂದಾಗಲಿಲ್ಲ. ಏಕೆಂದರೆ ಈ ಒಂದಕ್ಷರದ ಹಿಂದೆ ಸಿಡಿಮದ್ದಿದೆ, ಚಿತ್ರಹಿಂಸೆಯಿದೆ, ಗಲ್ಲಿನ ಏಣಿಯಿದೆ, ಇನ್ನೂರೈವತ್ತು ವರ್ಷಗಳ ಕಾಲ ಒಂದು ದೇಶ ಕಾನೂನು ಮಾಡಿ ಕಾಪಾಡಿಕೊಂಡು ಬಂದ ದ್ವೇಷವಿದೆ. ಹಬ್ಬದ ದಿನ, ಹೂರಣ ರುಬ್ಬುವ ಹೊತ್ತಿನಲ್ಲಿ ಅದನ್ನೆಲ್ಲ ಹೇಗೆ ಹೇಳುವುದು?

ಗೈ ಎಂಬುದು ಮೂಲದಲ್ಲಿ ರೂಢನಾಮವಲ್ಲ, ಅಂಕಿತನಾಮ. ಜರ್ಮನ್ ಮೂಲದ ವಿಡೊ ಎಂಬ ಹಳೆಯ ಹೆಸರು ಇಟಲಿಗೆ ಹೋಗಿ ಗೀಡೊ ಆಯಿತು. ಫ್ರಾನ್ಸಿಗೆ ಹೋಗಿ, ಅಲ್ಲಿಂದ ನಾರ್ಮನ್ನರ ಜೊತೆಗೆ ಇಂಗ್ಲೆಂಡಿಗೆ ಬಂದು ಗೈ ಆಯಿತು. ಆ ಮೂಲಪದಕ್ಕೆ ಕಾಡು ಅಥವಾ ಕಟ್ಟಿಗೆ ಎಂದು ಅರ್ಥವಿರಬೇಕೆಂದು ಕೆಲವು ವಿದ್ವಾಂಸರೂ, ವಿಶಾಲ ಎಂದು ಅರ್ಥವಿರಬೇಕೆಂದು ಇನ್ನು ಕೆಲವರೂ ಹೇಳುತ್ತಾರೆ. ಮುಂದೆ ಆ ಹೆಸರಿಗೆ ಒದಗಿದ ಗತಿಯನ್ನು ನೋಡಿದರೆ ಕಟ್ಟಿಗೆಯ ಅರ್ಥವೇ ಸರಿಯೆಂದು ನನ್ನಂಥ ಹೊರಗಿನವನಿಗೆ ತೋರುತ್ತದೆ. ಇದು ಭಾಷಾಶಾಸ್ತ್ರವಲ್ಲ, ಬರಿಯ ಚಪಲ. ಮಧ್ಯಯುಗದ ಇಂಗ್ಲೆಂಡಿನಲ್ಲಿ ಇದು ವೀರರ ಹೆಸರಾಗಿತ್ತು. ವಾರಿಕ್ ಎಂಬ ಊರಿನ ಗೈ ಅಲ್ಲಿನ ಜನಪ್ರಿಯ ಸಾಹಸಕಥೆಗಳ ನಾಯಕ. ಮಗನಿಗೆ ಆ ಹೆಸರನ್ನಿಡುವುದರಲ್ಲಿ ಯಾವ ಅಪಶಕುನವೂ ಇರಲಿಲ್ಲ.

1570ರ ಏಪ್ರಿಲ್ 16ರಂದು ಯಾರ್ಕ್ ನಗರದ ಒಂದು ಚರ್ಚಿನಲ್ಲಿ ಇಂಥ ಒಂದು ಮಗುವಿಗೆ ನಾಮಕರಣವಾಯಿತು. ಆ ಮಗುವೇ ಗೈ ಫಾಕ್ಸ್. ತಂದೆ ಎಡ್ವರ್ಡ್ ಪ್ರಾಟೆಸ್ಟಂಟ್ ಚರ್ಚಿನ ನ್ಯಾಯಾಲಯದಲ್ಲಿ ಕೆಲಸಕ್ಕಿದ್ದವನು. ಮಗನಿಗೆ ಒಂಬತ್ತರ ಸುಮಾರಿಗೆ ಅವನು ತೀರಿಕೊಂಡ. ತಾಯಿ ಮರುಮದುವೆಯಾದ ಮನೆತನ ಕ್ಯಾಥೊಲಿಕ್ ಆಗಿತ್ತು. ರಾಣಿ ಎಲಿಜಬೆತ್ತಳ ಆ ಕಾಲದಲ್ಲಿ ಕ್ಯಾಥೊಲಿಕರ ಪೂಜೆ ಅಪರಾಧ. ಪ್ರಾಟೆಸ್ಟಂಟ್ ಚರ್ಚಿಗೆ ಹೋಗದಿದ್ದರೆ ದಂಡ. ಪಾದ್ರಿಗಳಿಗೆ ಆಶ್ರಯ ಕೊಟ್ಟವರಿಗೆ ಮರಣದಂಡನೆ. ಯುವಕ ಗೈ ಇದ್ದ ಆಸ್ತಿಯನ್ನು ಕಳೆದು ಸಮುದ್ರ ದಾಟಿ ಸ್ಪೇನಿನ ಸೈನ್ಯ ಸೇರಿದ. 1596ರಲ್ಲಿ ಕ್ಯಾಲೆಯ ಮುತ್ತಿಗೆಯಲ್ಲಿ ಅವನಿದ್ದ. ಸುರಂಗ ತೋಡುವುದು, ಮದ್ದು ತುಂಬುವುದು ಅವನು ಬಲ್ಲ ವಿದ್ಯೆ. ಅಲ್ಲಿ ತನ್ನ ಹೆಸರನ್ನು ಗೀಡೊ ಎಂದು ಬರೆಯತೊಡಗಿದ.

1603ರಲ್ಲಿ ಸ್ಕಾಟ್ಲೆಂಡಿನ ಜೇಮ್ಸ್ ಇಂಗ್ಲೆಂಡಿನ ಪಟ್ಟಕ್ಕೆ ಬಂದಾಗ ಕ್ಯಾಥೊಲಿಕರಿಗೆ ಆಸೆ ಹುಟ್ಟಿತ್ತು. ಆತನ ತಾಯಿ ಅವರ ಮತದವಳಷ್ಟೆ. ಆಸೆ ಫಲಿಸಲಿಲ್ಲ. 1604ರ ಮೇ ತಿಂಗಳಲ್ಲಿ ಲಂಡನ್ನಿನ ಒಂದು ವಸತಿಗೃಹದಲ್ಲಿ ಐದು ಜನ ಸೇರಿ ಪ್ರಮಾಣ ಮಾಡಿದರು. ಅವರ ಮುಂದಾಳು ರಾಬರ್ಟ್ ಕೇಟ್ಸ್‌ಬಿ. ಉಪಾಯ ಅವನದು, ನಿಶ್ಚಯ ಅವನದು. ಪಾರ್ಲಿಮೆಂಟ್ ಆರಂಭವಾಗುವ ದಿನ ದೊರೆ, ರಾಜಪರಿವಾರ, ಪ್ರಭುಗಳು, ಬಿಷಪ್ಪರು, ಎಲ್ಲರೂ ಒಂದೇ ಸೂರಿನಡಿ ಇರುವಾಗ ಕೆಳಗಿನಿಂದ ಮದ್ದು ಸಿಡಿಸುವುದು. ಅದಕ್ಕೆ ಮದ್ದು ಬಲ್ಲ, ಲಂಡನ್ನಿನಲ್ಲಿ ಯಾರೂ ಗುರುತಿಸದ ಒಬ್ಬ ಬೇಕಾಗಿತ್ತು. ಹೀಗೆ ಗೈ ಫಾಕ್ಸ್ ಈ ಕಥೆಯೊಳಕ್ಕೆ ಬಂದ. ಸಭಾಭವನದ ಅಡಿಯ ಒಂದು ನೆಲಮಾಳಿಗೆಯನ್ನು ಬಾಡಿಗೆಗೆ ಹಿಡಿದು, 36 ಪೀಪಾಯಿ ಮದ್ದನ್ನು ಕಟ್ಟಿಗೆಯ ರಾಶಿಯ ಕೆಳಗೆ ಅಡಗಿಸಿಟ್ಟು ಕಾಯುವ ಕೆಲಸ ಅವನ ಪಾಲಿನದು.

1605ರ ಅಕ್ಟೋಬರ್ 26ರಂದು ಪ್ರಭು ಮಾಂಟೀಗಲ್‌ಗೆ ಒಂದು ಅನಾಮಧೇಯ ಪತ್ರ ಬಂದಿತು. ಸಭೆಗೆ ಹೋಗಬೇಡ ಎಂಬ ಸೂಚನೆ. ಪತ್ರ ಮಂತ್ರಿಗಳ ಕೈಸೇರಿತು. ನವೆಂಬರ್ 4ರ ರಾತ್ರಿ, 5ಕ್ಕೆ ಬೆಳಗಾಗುವ ಮುನ್ನ, ನೆಲಮಾಳಿಗೆಯ ಶೋಧ ನಡೆಯಿತು. ಕೋಟು ತೊಟ್ಟು, ಮುಳ್ಳಿನ ಬೂಟು ಹಾಕಿ ಹೊರಡಲು ಸಿದ್ಧನಾಗಿ ನಿಂತಿದ್ದವನು ಸಿಕ್ಕಿದ. ಅವನದೆಂದು ಹೇಳುವ ಲಾಟೀನು ಇಂದಿಗೂ ಆಕ್ಸ್‌ಫರ್ಡಿನ ಆಶ್‌ಮೋಲಿಯನ್ ವಸ್ತುಸಂಗ್ರಹಾಲಯದಲ್ಲಿದೆ. ಹೆಸರೇನೆಂದು ಕೇಳಿದ್ದಕ್ಕೆ ಜಾನ್ ಜಾನ್ಸನ್ ಎಂದ. ಕನ್ನಡದಲ್ಲಿ ರಾಮಣ್ಣನ ಮಗ ರಾಮಣ್ಣ ಎಂದ ಹಾಗೆ. ಯಾರೂ ಅಲ್ಲದವನೊಬ್ಬನ ಹೆಸರು. ಮುಂದೆ ತನ್ನ ನಿಜವಾದ ಹೆಸರೇ ಜಗತ್ತಿನಲ್ಲಿ 'ಯಾವನೋ ಒಬ್ಬ' ಎಂಬ ಅರ್ಥಕ್ಕೆ ನಿಲ್ಲುತ್ತದೆಂದು ಅವನಿಗೆ ಹೇಗೆ ಗೊತ್ತಾಗಬೇಕು!

ಇಷ್ಟು ಮದ್ದು ಯಾಕೆಂದು ದೊರೆಯ ಕಡೆಯವರು ಕೇಳಿದಾಗ, ಸ್ಕಾಟರನ್ನು ಅವರ ಬೆಟ್ಟಗಳಿಗೆ ಮರಳಿ ಹಾರಿಸುವುದಕ್ಕೆ ಎಂದು ಉತ್ತರ ಕೊಟ್ಟನೆಂದು ವರದಿಯಿದೆ. ಜೇಮ್ಸ್ ದೊರೆ ಆ ಧೈರ್ಯವನ್ನು ಮೆಚ್ಚಿಕೊಂಡನಂತೆ. ಮೆಚ್ಚಿಕೊಂಡೇ, ನವೆಂಬರ್ 6ರಂದು, ಮೊದಲು ಮೆಲುವಾದ ಹಿಂಸೆ, ಅದಕ್ಕೆ ಬಾಗದಿದ್ದರೆ ಕ್ರಮೇಣ ಕಠಿಣವಾದದ್ದು ಎಂದು ತನ್ನ ಕೈಯಿಂದಲೇ ಅಪ್ಪಣೆ ಬರೆದುಕೊಟ್ಟ. ಹಿಂಸೆಗೆ ಮುಂಚಿನ ಮತ್ತು ಅನಂತರದ ಎರಡು ರುಜುಗಳು ಇಂಗ್ಲೆಂಡಿನ ರಾಷ್ಟ್ರೀಯ ದಾಖಲೆಗಳಲ್ಲಿ ಉಳಿದಿವೆ. ನಾನು ನೋಡಿರುವುದು ಅವುಗಳ ಮುದ್ರಿತ ಪ್ರತಿಯನ್ನು ಮಾತ್ರ. ಒಂದು ಗಟ್ಟಿಯಾದ ಕೈಯ ಬರಹ. ಇನ್ನೊಂದರಲ್ಲಿ ಗೀಡೊ ಎಂಬ ಹೆಸರಷ್ಟೇ ಸೋತು ಸೊರಗಿ ಗೀಚಿಕೊಂಡಿದೆ. ಮನೆತನದ ಹೆಸರು ಬರೆಯುವ ಶಕ್ತಿ ಬೆರಳಿಗೆ ಉಳಿದಂತೆ ಕಾಣುವುದಿಲ್ಲ. ಹಸ್ತಪ್ರತಿಗಳ ಅಕ್ಷರ ನೋಡಿ ಲಿಪಿಕಾರನ ವಯಸ್ಸನ್ನೂ ಆಯಾಸವನ್ನೂ ಊಹಿಸುವುದು ನಮ್ಮ ಕಸುಬಿನ ಅಭ್ಯಾಸ. ಆ ಎರಡನೆಯ ರುಜುವನ್ನು ನೋಡಿದ ದಿನ ನಾನು ಪುಸ್ತಕ ಮುಚ್ಚಿಟ್ಟೆ.

ಮುಂದಾಳು ಕೇಟ್ಸ್‌ಬಿ ನವೆಂಬರ್ 8ರಂದೇ ಹೋರಾಡುತ್ತ ಗುಂಡಿಗೆ ಬಲಿಯಾಗಿದ್ದ. ಉಳಿದ ಎಂಟು ಜನರ ವಿಚಾರಣೆ 1606ರ ಜನವರಿ 27ರಂದು ನಡೆಯಿತು. ಜನವರಿ 31ರಂದು, ಪಾರ್ಲಿಮೆಂಟಿನ ಎದುರಿಗೇ, ಕೊನೆಯವನಾಗಿ ಗೈ ಫಾಕ್ಸ್ ಏಣಿ ಹತ್ತಿದ. ಗಲ್ಲಿನಿಂದ ಜೀವಸಹಿತ ಇಳಿಸಿ ಕರುಳು ಬಗೆದು ನಾಲ್ಕು ತುಂಡು ಮಾಡುವ ಶಿಕ್ಷೆ ಅದು. ಅವನು ಏಣಿಯಿಂದ ಬಿದ್ದು, ಹಾರಿಯೋ ಜಾರಿಯೋ, ಕುತ್ತಿಗೆ ಮುರಿದು ಸತ್ತ. ದೇಹವನ್ನು ಹೇಗೂ ತುಂಡರಿಸಿದರು. ಒಂದು ವಿಷಯ ಗಮನಿಸಬೇಕು. ಅವನನ್ನು ಸುಡಲಿಲ್ಲ. ಸುಟ್ಟದ್ದೆಲ್ಲ ಆಮೇಲೆ.

ಆ ವರ್ಷವೇ ಒಂದು ಶಾಸನವಾಯಿತು. ಪ್ರತಿ ನವೆಂಬರ್ 5ರಂದು ಎಲ್ಲ ಚರ್ಚುಗಳಲ್ಲಿಯೂ ಕೃತಜ್ಞತೆಯ ಪ್ರಾರ್ಥನೆ ನಡೆಯಬೇಕು, ಜನರೆಲ್ಲ ಹಾಜರಾಗಬೇಕು, ಶಾಸನವನ್ನು ಗಟ್ಟಿಯಾಗಿ ಓದಬೇಕು. ಇದು ರದ್ದಾದದ್ದು 1859ರಲ್ಲಿ. ಲೆಕ್ಕ ಹಾಕಿರಿ. ಇನ್ನೂರೈವತ್ತಕ್ಕೂ ಹೆಚ್ಚು ವರ್ಷ ಒಂದು ಜನಾಂಗಕ್ಕೆ ಮರೆಯಬೇಡ ಎಂದು ಸರಕಾರವೇ ಹೇಳುತ್ತಿತ್ತು. ಊರೂರಿನಲ್ಲಿ ಗಂಟೆ, ಬೆಂಕಿ, ಬಾಣಬಿರುಸು. ಆ ಬೆಂಕಿಯಲ್ಲಿ ಬಹುಕಾಲ ಸುಡುತ್ತಿದ್ದದ್ದು ಗೈಯ ಪ್ರತಿಕೃತಿಯನ್ನಲ್ಲ, ಪೋಪನದನ್ನು. ಸಿಟ್ಟು ಒಬ್ಬ ಸಂಚುಗಾರನ ಮೇಲಿನದಾಗಿ ಉಳಿಯಲಿಲ್ಲ. ನೆರೆಮನೆಯ ಕ್ಯಾಥೊಲಿಕನ ಮೇಲೆ ತಿರುಗಿತು. ಅವರಿಗೆ ಪಾರ್ಲಿಮೆಂಟಿನಲ್ಲಿ ಕೂರುವ ಹಕ್ಕು ದೊರೆಯಲು 1829 ಬರಬೇಕಾಯಿತು. 1850ರಲ್ಲಿ ಪೋಪ್ ಇಂಗ್ಲೆಂಡಿಗೆ ಮತ್ತೆ ಬಿಷಪ್ಪರನ್ನು ನೇಮಿಸಿದಾಗ, ಆ ನವೆಂಬರಿನ ಬೆಂಕಿಗಳಲ್ಲಿ ಪೋಪ್ ಮತ್ತು ಕಾರ್ಡಿನಲ್ ವೈಸ್‌ಮನ್ ಇಬ್ಬರ ಬೊಂಬೆಗಳೂ ಉರಿದವು. ಎಷ್ಟೋ ತಲೆಮಾರು ಕಳೆದರೂ ಯಾರದೋ ಪಾಪಕ್ಕೆ ಯಾರೋ ಉತ್ತರ ಹೇಳಬೇಕೆನ್ನುವುದು ಆ ದೇಶಕ್ಕೆ ಮಾತ್ರ ಸೇರಿದ ಚಟವೇನೂ ಅಲ್ಲ.

ಹದಿನೆಂಟನೆಯ ಶತಮಾನದ ಕೊನೆಯ ಹೊತ್ತಿಗೆ ಆಟ ಮಕ್ಕಳ ಕೈಗೆ ಬಂದಿತು. ಹಳೆಯ ಕೋಟು, ಹರಕು ಷರಾಯಿಗಳಿಗೆ ಹುಲ್ಲು ತುರುಕಿ, ಕಾಗದದ ಮುಖ ಅಂಟಿಸಿ, ತಳ್ಳುಗಾಡಿಯಲ್ಲಿ ಕೂರಿಸಿ ಬೀದಿ ಬೀದಿ ತಿರುಗಿ, ಗೈಗೆ ಒಂದು ಪೆನ್ನಿ ಕೊಡಿ ಎಂದು ಕಾಸು ಬೇಡುವುದು, ರಾತ್ರಿ ಅದನ್ನು ಸುಡುವುದು. ಆ ಹುಲ್ಲುಬೊಂಬೆಗೇ ಗೈ ಎಂಬ ಹೆಸರು ಬಿದ್ದಿತು. ನಿಘಂಟುಕಾರರು ಈ ಅರ್ಥವನ್ನು 1806ರಿಂದ ಗುರುತಿಸುತ್ತಾರೆ. ಅಂಕಿತನಾಮ ರೂಢನಾಮವಾದ ಗಳಿಗೆ ಇದು.

ಉತ್ತರ ಕರ್ನಾಟಕದಲ್ಲಿ ಬೆಳೆದವರಿಗೆ ಈ ಚಿತ್ರವನ್ನು ಬಿಡಿಸಿ ಹೇಳಬೇಕಾಗಿಲ್ಲ. ನಮ್ಮ ಕಾಮಣ್ಣನ ಹಬ್ಬವೇ ಅದು. ಹಲಗೆ ಬಾರಿಸುತ್ತ ಮನೆಮನೆಗೆ ಹೋಗಿ ಪಟ್ಟಿ ಎತ್ತುವುದು, ಕೊಡದವರ ಹಿತ್ತಿಲಿನಿಂದ ಕಟ್ಟಿಗೆ ಕುಳ್ಳು ಕದಿಯುವುದು, ಹುಣ್ಣಿಮೆಯ ರಾತ್ರಿ ಕಾಮನನ್ನು ಸುಟ್ಟು ಬೊಬ್ಬೆ ಹೊಡೆಯುವುದು. ನನಗೆ ಹತ್ತೋ ಹನ್ನೊಂದೋ ವರ್ಷವಾಗಿದ್ದಾಗ ನಮ್ಮ ಓಣಿಯ ಅಂಗಡಿಯವನೊಬ್ಬ ಪಟ್ಟಿ ಕೊಡಲಿಲ್ಲ. ಹಿಂದಿನ ವರ್ಷ ಅವನ ಬಾಗಿಲ ಹಲಗೆಯನ್ನೇ ನಾವು ಕದ್ದು ಸುಟ್ಟಿದ್ದೆವು. ಅವನ ಕೋಪ ನ್ಯಾಯವಾದದ್ದೇ. ನಾವು ಕಾಮಣ್ಣನಿಗೆ ಅವನದರಂಥ ಕರಿಯ ಟೋಪಿ ಹಾಕಿದೆವು, ತಂತಿ ಬಾಗಿಸಿ ಕನ್ನಡಕ ಮಾಡಿ ಒಂದು ಕಾಲನ್ನು ದಾರದಿಂದ ಕಟ್ಟಿದೆವು, ಅವನ ಕನ್ನಡಕಕ್ಕೂ ದಾರವೇ ಇದ್ದದ್ದರಿಂದ. ದಾರ ಕಟ್ಟಿದವನು ನಾನು. ಓಣಿಯೆಲ್ಲ ನಕ್ಕಿತು. ಬೆಂಕಿ ಹತ್ತಿದಾಗ ಅವನ ಹೆಸರು ಹಿಡಿದು ಬೊಬ್ಬೆ ಹೊಡೆದೆವು. ಅವನು ಅಂಗಡಿಯ ಕಟ್ಟೆಯ ಮೇಲೆ ನಿಂತು ಕೊನೆಯ ತನಕ ನೋಡಿದ. ಮರುದಿನ ನಾನು ಎಣ್ಣೆಗೆ ಹೋದಾಗ ಸೇರು ತುಂಬಿಸುತ್ತ, "ಕನ್ನಡಕ ಛಲೋ ಮಾಡಿದ್ರಿ" ಎಂದ. ಅಷ್ಟೇ. ಕೈಗೆ ಬೆಲ್ಲದ ಚೂರನ್ನೂ ಎಂದಿನಂತೆಯೇ ಕೊಟ್ಟ. ಓಣಿಯಲ್ಲಿ ಮಾತ್ರ ಆಮೇಲೆ ಬಹಳ ವರ್ಷ ಅವನನ್ನು ಕಾಮಣ್ಣ ಎಂದೇ ಕರೆದರು. ಅವನ ಮಕ್ಕಳನ್ನೂ ಹಾಗೆಯೇ ಕರೆದರು.

ಈ ಕಥೆ ಇಲ್ಲಿ ಏಕೆ ಬಂತೆಂದರೆ, ಗೈ ಪದದ ಮುಂದಿನ ಅರ್ಥ ಸರಿಯಾಗಿ ಇದೇ. ಬೊಂಬೆಯಿಂದ ಮನುಷ್ಯನಿಗೆ ಆ ಹೆಸರು ಹಾರಿತು. 1836ರ ಸುಮಾರಿನಿಂದ ಇಂಗ್ಲೆಂಡಿನಲ್ಲಿ ಗೈ ಎಂದರೆ ವಿಕಾರವಾಗಿ, ನಗೆಪಾಟಲಾಗುವಂತೆ ಬಟ್ಟೆ ತೊಟ್ಟವನು. ಬೆದರುಗೊಂಬೆಯಂಥವನು ಎಂದು ನಾವು ಹೇಳುತ್ತೇವಲ್ಲ, ಹಾಗೆ. ಅದರಿಂದ ಕ್ರಿಯಾಪದವೂ ಹುಟ್ಟಿತು. ಒಬ್ಬನನ್ನು ಗೈ ಮಾಡುವುದೆಂದರೆ ಅಣಕಿಸುವುದು. ಇಂಗ್ಲೆಂಡಿನಲ್ಲಿ ಬಹುಕಾಲ ಒಬ್ಬ ಸಭ್ಯಗೃಹಸ್ಥನನ್ನು ಗೈ ಎಂದರೆ ಅವನ ಮುಖ ಕೆಂಪಾಗುತ್ತಿತ್ತು. ಡೇರೆಯ ಹಗ್ಗಕ್ಕೂ ಗೈ ಎನ್ನುತ್ತಾರೆ, ಆದರೆ ಅದು ಹಡಗಿನವರ ಬೇರೆಯೇ ಮಾತು. ಈ ಮನುಷ್ಯನಿಗೂ ಅದಕ್ಕೂ ಸಂಬಂಧವಿಲ್ಲ.

ಹಾಗಾದರೆ ಈ ಬೈಗುಳದ ಕೊಳೆ ತೊಳೆದುಹೋದದ್ದು ಎಲ್ಲಿ? ಅಮೆರಿಕದಲ್ಲಿ. ಅದರ ಹಿಂದಿನ ರಾಜಕೀಯ ಸ್ವಾರಸ್ಯವಾಗಿದೆ. ವಸಾಹತು ಕಾಲದ ಬಾಸ್ಟನ್ ನಗರದಲ್ಲಿ ನವೆಂಬರ್ 5 ಪೋಪನ ದಿನವಾಗಿತ್ತು. ಊರಿನ ಉತ್ತರದ ಹುಡುಗರು ಒಂದು ಪೋಪ್ ಬೊಂಬೆ, ದಕ್ಷಿಣದವರು ಇನ್ನೊಂದು ಬೊಂಬೆ ಎಳೆದು ತಂದು, ಒಬ್ಬರದನ್ನೊಬ್ಬರು ಕಿತ್ತುಕೊಳ್ಳಲು ತಲೆ ಒಡೆದುಕೊಳ್ಳುತ್ತಿದ್ದರು. 1775ರಲ್ಲಿ ಸ್ವಾತಂತ್ರ್ಯಯುದ್ಧ ಆರಂಭವಾಗಿತ್ತು. ಕೆನಡಾದ ಫ್ರೆಂಚ್ ಕ್ಯಾಥೊಲಿಕರ ಸ್ನೇಹ ಜಾರ್ಜ್ ವಾಷಿಂಗ್ಟನ್ನನಿಗೆ ಅವಶ್ಯವಾಗಿತ್ತು. ಆ ನವೆಂಬರ್ 5ರಂದೇ ಸೈನ್ಯಕ್ಕೆ ಆಜ್ಞೆ ಹೊರಡಿಸಿ, ಪೋಪನ ಬೊಂಬೆ ಸುಡುವ ಈ ಹುಡುಗಾಟಿಕೆ ಹಾಸ್ಯಾಸ್ಪದವೆಂದೂ ಇಂಥ ಹೊತ್ತಿನಲ್ಲಿ ಸ್ನೇಹಿತರನ್ನು ಅವಮಾನಿಸುವುದೆಂದೂ ಕಟುವಾಗಿ ನಿಷೇಧಿಸಿದ. ಉದ್ದೇಶ ಔದಾರ್ಯವಲ್ಲ, ಅಗತ್ಯ. ಆದರೇನು? ಇಂಗ್ಲೆಂಡಿನ ದೊರೆಯನ್ನೇ ಒದ್ದೋಡಿಸಿದ ದೇಶದಲ್ಲಿ, ದೊರೆ ಬದುಕಿ ಉಳಿದ ದಿನದ ಹಬ್ಬ ಕ್ರಮೇಣ ಅರ್ಥ ಕಳೆದುಕೊಂಡಿತು.

ಹಬ್ಬ ಆ ಕಡೆ ಆರಿಹೋಯಿತು. ಪದ ಮಾತ್ರ ಸಮುದ್ರ ದಾಟಿತು. ಬೆಂಕಿಯ ನೆನಪಿಲ್ಲದ ನೆಲದಲ್ಲಿ ಅದು ಬೇರು ಬಿಟ್ಟಿತು. 1847ರ ಹೊತ್ತಿಗೆ ಅಮೆರಿಕನ್ನರ ಬಾಯಲ್ಲಿ ಗೈ ಎಂದರೆ ಯಾವನೋ ಒಬ್ಬ, ಒಬ್ಬ ಮನುಷ್ಯ. ಅಲ್ಲಿಂದ ಮುಂದೆ ಈ ಪದದ ಸಂತತಿ ಬೆಳೆದ ರೀತಿ ಅಚ್ಚರಿಯದು. ವೈಸ್ ಗೈ ಎಂದರೆ ಅತಿಬುದ್ಧಿವಂತ, ಅಪರಾಧಲೋಕದಲ್ಲಿ ಮಾಫಿಯಾದವನು. ಗುಡ್ ಗೈ, ಬ್ಯಾಡ್ ಗೈಗಳನ್ನು ಸಿನಿಮಾ ನೋಡಿದವರೆಲ್ಲ ಬಲ್ಲರು. ಫಾಲ್ ಗೈ ಎಂದರೆ ಇತರರು ಮಾಡಿದ್ದಕ್ಕೆ ತಾನು ಸಿಕ್ಕಿಬಿದ್ದು ತಲೆ ಕೊಡುವವನು. ಈ ಕೊನೆಯದನ್ನು ಹುಟ್ಟಿಸಿದ ಅಮೆರಿಕನ್ನನಿಗೆ ಕೇಟ್ಸ್‌ಬಿಯ ಹೆಸರು ಗೊತ್ತಿದ್ದಿರಲಾರದು. ಗೊತ್ತಿದ್ದರೂ ಇದಕ್ಕಿಂತ ಪಕ್ಕಾ ಪದವನ್ನು ಹುಟ್ಟಿಸಲಾಗುತ್ತಿರಲಿಲ್ಲ. ಸಂಚು ಹೂಡಿದವನು ಕೇಟ್ಸ್‌ಬಿ. ನಾಲ್ಕು ಶತಮಾನ ಉರಿದವನು ಕಾವಲಿಗೆ ನಿಂತಿದ್ದವನು. 1931ರಲ್ಲಿ ಡೇಮನ್ ರನ್ಯನ್ ಎಂಬ ಕಥೆಗಾರ ತನ್ನ ಸಂಕಲನಕ್ಕೆ ಗೈಸ್ ಅಂಡ್ ಡಾಲ್ಸ್ ಎಂದು ಹೆಸರಿಟ್ಟ. 1950ರಲ್ಲಿ ಅದೇ ಹೆಸರಿನ ಸಂಗೀತನಾಟಕ ರಂಗಕ್ಕೆ ಬಂದಿತು. ಆಗಿನ್ನೂ ಗೈಗಳು ಗಂಡಸರು, ಡಾಲ್‌ಗಳು ಹೆಂಗಸರು.

ಹೆಸರು ಹೀಗೆ ಮನುಷ್ಯಮಾತ್ರನ ಪದವಾಗುವುದು ವಿಚಿತ್ರವೆಂದು ಅನಿಸಬಹುದು. ನಮ್ಮಲ್ಲಿ ಶಕುನಿ, ಕುಂಭಕರ್ಣ, ನಾರದ ಎಂದು ಜನರನ್ನು ಕರೆಯುತ್ತೇವೆ, ಆದರೆ ಅವರೆಲ್ಲ ತಮ್ಮ ಬಣ್ಣ ಬಿಟ್ಟುಕೊಟ್ಟಿಲ್ಲ. ಶಕುನಿ ಎಂದರೆ ಕಪಟಿಯೇ ಹೊರತು ಯಾವನೋ ಒಬ್ಬನಲ್ಲ. ಗೈಗೆ ನಿಜವಾದ ಜೋಡಿ ಬೇಕಾದರೆ ನಮ್ಮ ಆಸಾಮಿಯನ್ನು ನೋಡಬೇಕು. ಅರಬ್ಬಿಯಲ್ಲಿ ಇಸ್ಮ್ ಎಂದರೆ ಹೆಸರು. ಅದರ ಬಹುವಚನ ಅಸಾಮೀ, ಹೆಸರುಗಳು. ಕಂದಾಯದ ಕಡತದಲ್ಲಿ ಬರೆದ ಹೆಸರುಗಳು ರೈತರಾದರು, ಸಾಲಗಾರರಾದರು. ಕನ್ನಡದ ಬೀದಿಗೆ ಬರುವ ಹೊತ್ತಿಗೆ "ಭಾರಿ ಆಸಾಮಿ ಕಣಯ್ಯ" ಎಂದಾಯಿತು. ಅದರ ಏಕವಚನವೂ ಪೊಲೀಸರ ಬರವಣಿಗೆಯಲ್ಲಿ ಇಸಮು ಎಂಬ ವೇಷದಲ್ಲಿ ತಿರುಗಾಡುತ್ತದೆ. ಸದರಿ ಇಸಮು ಸ್ಥಳದಿಂದ ಪರಾರಿಯಾದಾಗ ಪರಾರಿಯಾದದ್ದು, ಅಕ್ಷರಾರ್ಥಕ್ಕೆ, ಒಂದು ಹೆಸರು. ಇನ್ನು ಇಂಗ್ಲಿಷಿನ ಚ್ಯಾಪ್ ಎಂಬ ಪದ ವ್ಯಾಪಾರಿ ಎಂಬ ಅರ್ಥದ ಚ್ಯಾಪ್‌ಮನ್ ಎಂಬುದರ ತುಂಡು. ಅದಕ್ಕೆ ಮೊದಲು ಗಿರಾಕಿ ಎಂಬ ಅರ್ಥವಿದ್ದು, ಆಮೇಲೆ ಮನುಷ್ಯ ಎಂದಾಯಿತು. ನಮ್ಮ ಗಿರಾಕಿಯೂ ಅಂಗಡಿಯಿಂದ ಇಳಿದು ಹಾಗೆಯೇ ಬಂದವನಲ್ಲವೆ? "ಅವನೆಂಥ ಗಿರಾಕಿ ಅಂತ ನಿನಗೆ ಗೊತ್ತಿಲ್ಲ" ಎನ್ನುವಾಗ ಯಾರ ಕೈಯಲ್ಲೂ ಚೀಲವಿರುವುದಿಲ್ಲ. ಯಾರನ್ನು ಯಾರು ನೋಡಿ ಕಲಿತದ್ದೂ ಅಲ್ಲ ಇದು. ಎದುರಿಗಿರುವವನ ಗುರುತು ಹತ್ತದಾಗ ಭಾಷೆ ಕಡತಕ್ಕೋ ಅಂಗಡಿಗೋ ಕೈಹಾಕುತ್ತದೆ; ಇಂಗ್ಲಿಷರು ಬೆಂಕಿಗೂ ಕೈಹಾಕಿದರು.

ಇನ್ನು ನನ್ನ ಮೊಮ್ಮಗಳ ಗೈಸ್. ಇದು ವ್ಯಾಕರಣದ ಪ್ರಶ್ನೆ, ಆದ್ದರಿಂದ ನನಗೆ ಪ್ರಿಯವಾದದ್ದು. ಇಂಗ್ಲಿಷಿನಲ್ಲಿ ಹಿಂದೆ ನೀನು ಎಂಬುದಕ್ಕೆ ದೌ ಇತ್ತು, ನೀವು ಎಂಬುದಕ್ಕೆ ಯೂ ಇತ್ತು. ಮರ್ಯಾದೆಯ ಆಸೆಗೆ ಬಹುವಚನವೇ ಒಬ್ಬೊಬ್ಬರಿಗೂ ಸಲ್ಲತೊಡಗಿ, ಏಕವಚನ ಬಳಕೆಯಿಂದ ಜಾರಿತು. ಆಗ ಎದುರಿಗಿರುವುದು ಒಬ್ಬರೋ ಹತ್ತು ಜನವೋ ತಿಳಿಯದೆ ಹೋಯಿತು. ಆ ಬಿರುಕಿಗೆ ಅಮೆರಿಕನ್ನರು ಯೂ ಗೈಸ್ ಎಂಬ ಬೆಣೆ ಹೊಡೆದರು. ನಾವು ಏಕವಚನವನ್ನು ಬಿಟ್ಟಿಲ್ಲ, ಆದರೂ ನೀವು ಎಂಬುದು ಗೌರವದ ಏಕವಚನವಾದ ಮೇಲೆ ನಮಗೂ ಅದೇ ತೊಡಕು. ಆಗ ನಾವು ನೀವೆಲ್ಲ ಎನ್ನುತ್ತೇವೆ. ಅವಸರದಲ್ಲಿ ನೀವುಗಳು ಎಂದೂ ಎನ್ನುತ್ತೇವೆ. ಬಹುವಚನಕ್ಕೆ ಬಹುವಚನ ಹಚ್ಚಿದ ಆ ನೀವುಗಳು ಎಂಬುದನ್ನು ವಿದ್ಯಾರ್ಥಿಗಳ ಉತ್ತರಪತ್ರಿಕೆಯಲ್ಲಿ ಎಷ್ಟು ಸಲ ಕೆಂಪು ಶಾಯಿಯಲ್ಲಿ ಹೊಡೆದುಹಾಕಿದ್ದೇನೋ ಲೆಕ್ಕವಿಲ್ಲ. ಈಗ ಯೋಚಿಸಿದರೆ ಆ ಹುಡುಗರು ಮಾಡಿದ್ದು ತಪ್ಪಲ್ಲ, ಭಾಷೆಯ ಹರಿದ ಜಾಗಕ್ಕೆ ತೇಪೆ ಹಾಕಿದ್ದು.

ಯೂ ಗೈಸ್ ಎಂಬುದು ಸರ್ವನಾಮದ ಕೆಲಸ ಮಾಡತೊಡಗಿದ ಮೇಲೆ ಅದರ ಗಂಡಸುತನ ತೆಳುವಾಯಿತು. 1971ರಲ್ಲಿ ಅಮೆರಿಕದ ಟೆಲಿವಿಷನ್ನಿನಲ್ಲಿ ಮಕ್ಕಳಿಗಾಗಿ ಆರಂಭವಾದ ದಿ ಎಲೆಕ್ಟ್ರಿಕ್ ಕಂಪನಿ ಎಂಬ ಕಾರ್ಯಕ್ರಮದಲ್ಲಿ ನಟಿ ರೀಟಾ ಮೊರೆನೊ ಎಲ್ಲರನ್ನೂ ಹಾಗೆಂದೇ ಕೂಗಿ ಕರೆಯುತ್ತಿದ್ದಳು. ಹೆಂಗಸು ಕರೆದದ್ದು, ಹುಡುಗ ಹುಡುಗಿಯರೆಲ್ಲ ಓಗೊಟ್ಟದ್ದು. ಇದಕ್ಕೆ ಆಕ್ಷೇಪಣೆಯೂ ಇದೆ. ಹೆಂಗಸರನ್ನು ಗಂಡಸರ ಪದದೊಳಗೆ ತುರುಕುವುದು ಯಾವ ನ್ಯಾಯ ಎಂದು ಅಲ್ಲಿನ ಕೆಲವು ಲೇಖಕಿಯರು ಕೇಳುತ್ತಾರೆ. ಕೇಳಬೇಕಾದ ಪ್ರಶ್ನೆಯೇ. ಅಲ್ಲಿ ಒಬ್ಬ ಗೈ ಬಂದ ಎಂದರೆ ಇಂದಿಗೂ ಬಂದವನು ಗಂಡಸೇ; ಬಹುವಚನದಲ್ಲಿ ಮಾತ್ರ ಲಿಂಗ ಅಳಿಸಿದೆ. ಅವನು ಅವಳು ಎಂದು ಬೇರೆಯಾಗಿ, ಅವರು ಎಂಬಲ್ಲಿ ಒಂದಾಗುವ ಕನ್ನಡದವರಿಗೆ ಇದು ಪರಿಚಿತವೇ. ಒಂದು ವ್ಯತ್ಯಾಸವುಂಟು. ನಮ್ಮ ಅವರು ಎಂಬುದರೊಳಗೆ ಅವನು ಅಡಗಿ ಕುಳಿತಿಲ್ಲ. ಅವರ ಗೈಸ್‌ನೊಳಗೆ ಗೈ ಇದ್ದಾನೆ. ಹೀಗಾಗಿ ನನ್ನ ಒಲವು ಆಕ್ಷೇಪಿಸುವವರ ಕಡೆಗೆ. ಜಯ ಮಾತ್ರ ಬಳಸುವವರದು, ಭಾಷೆಯ ವಿಷಯದಲ್ಲಿ ಯಾವಾಗಲೂ ಆಗುವಂತೆ.

ಗೈ ಫಾಕ್ಸನ ಮುಖಕ್ಕೂ ಇತ್ತೀಚೆಗೆ ಮರುಜನ್ಮ ಬಂದಿದೆ. 1982ರಲ್ಲಿ ಅಲನ್ ಮೂರ್ ಬರೆದು ಡೇವಿಡ್ ಲಾಯ್ಡ್ ಚಿತ್ರಿಸತೊಡಗಿದ ವಿ ಫಾರ್ ವೆಂಡೆಟಾ ಎಂಬ ಚಿತ್ರಕಥೆಯ ನಾಯಕ ನಿರಂಕುಶ ಪ್ರಭುತ್ವದ ವಿರುದ್ಧ ಹೋರಾಡುವಾಗ ಆ ಮುಖವಾಡ ಧರಿಸುತ್ತಾನೆ. 2006ರಲ್ಲಿ ಅದು ಚಲನಚಿತ್ರವಾಗಿ ತೆರೆಕಂಡಿತು. 2011ರಲ್ಲಿ ನ್ಯೂಯಾರ್ಕ್, ಲಂಡನ್ ನಗರಗಳಲ್ಲಿ ಹಣವಂತರ ವಿರುದ್ಧ ಬೀದಿಗಿಳಿದವರ ನಡುವೆ ಆ ಚೂಪುಮೀಸೆಯ ಬಿಳಿಯ ನಗೆಮುಖ ಎಲ್ಲೆಲ್ಲೂ ಕಾಣಿಸಿತು. ಒಂದೊಂದು ಮುಖವಾಡ ಮಾರಾಟವಾದಾಗಲೂ ಒಂದು ಪಾಲು ಸಿನಿಮಾ ತೆಗೆದ ದೊಡ್ಡ ಕಂಪನಿಗೆ ಹೋಗುತ್ತಿತ್ತೆಂಬುದು ಬೇರೆ ಮಾತು. ಯಾರನ್ನೋ ಸುಡಲು ಮಾಡಿದ ಕಾಗದದ ಮುಖ, ತಮ್ಮ ಮುಖ ಮರೆಸಿಕೊಳ್ಳಬೇಕಾದವರ ಮುಖವಾಯಿತು. ನಮ್ಮ ಕಾಮನೂ ಸುಟ್ಟ ಮೇಲೆಯೇ ಅನಂಗನಾಗಿ ಎಲ್ಲೆಲ್ಲೂ ಹಬ್ಬಿದನೆಂದು ಪುರಾಣ ಹೇಳುತ್ತದೆ.

ಮೊಮ್ಮಗಳಿಗೆ ಇದನ್ನೆಲ್ಲ ಹೇಳಿದ್ದು ಹಬ್ಬ ಮುಗಿದ ಮೇಲೆ, ಎರಡು ಮೂರು ರಾತ್ರಿಗಳಲ್ಲಿ. ಆ ರುಜುವಿನ ಕಥೆಯನ್ನು ಮಾತ್ರ ಹೇಳಲಿಲ್ಲ. ಅವಳು ಕೇಳಿದ ಒಂದು ಪ್ರಶ್ನೆಗೆ ನಾನು ಸಿದ್ಧನಿರಲಿಲ್ಲ. ಅವನ ಶಾಲೆಯ ಮಕ್ಕಳೂ ಅವನನ್ನು ಸುಡುತ್ತಾರೆಯೆ ಎಂದಳು. ಯಾರ್ಕಿನಲ್ಲಿ ಅವನು ಓದಿದ ಸೇಂಟ್ ಪೀಟರ್ಸ್ ಶಾಲೆ ಇಂದಿಗೂ ನಡೆಯುತ್ತಿದೆ. ಅಲ್ಲಿ ಗೈಯ ಬೊಂಬೆಯನ್ನು ಸುಡುವುದಿಲ್ಲ. ಅವನು ಅಲ್ಲಿಯ ಹಳೆಯ ವಿದ್ಯಾರ್ಥಿ. ಒಂದು ದೇಶಕ್ಕೆಲ್ಲ ಆದೇಶವಿದ್ದಾಗ, ಒಂದು ಶಾಲೆ ತನ್ನ ಹಾಜರಿಪುಸ್ತಕದಲ್ಲಿದ್ದ ಹೆಸರನ್ನು ಬೊಂಬೆಯ ಹೆಸರಾಗಲು ಬಿಡಲಿಲ್ಲ. ಅದನ್ನು ಹೇಳುತ್ತಿರುವಾಗ ನನಗೆ ಆ ಅಂಗಡಿಯವನ ನಿಜವಾದ ಹೆಸರು ನೆನಪಿಗೆ ಬಂದಿತು. ಅಷ್ಟು ಹೊತ್ತೂ, ಎಷ್ಟು ಹುಡುಕಿದರೂ, ನನಗೆ ಕಾಮಣ್ಣ ಎಂಬುದೇ ಸಿಗುತ್ತಿತ್ತು.